ಒಂಬತ್ತು ಎಕರೆಯಲ್ಲಿ ಮಗಳಿಗೆಷ್ಟು?

ಪಿತ್ರಾರ್ಜಿತ ಜಮೀನು 9 ಎಕರೆ. ಇಬ್ಬರು ಗಂಡುಮಕ್ಕಳು, ಒಬ್ಬಳು ಮಗಳು. ತಾಯಿ ಮೊದಲೇ ತೀರಿಕೊಂಡಿದ್ದಾಳೆ. ಅಪ್ಪ ವಿಲ್ ಬರೆಯದೆ ಹೋದರೆ ಯಾರಿಗೆಷ್ಟು? 1956ರ ಹಿಂದೂ ಉತ್ತರಾಧಿಕಾರ ಕಾಯ್ದೆಯ ಮೂಲ ಲೆಕ್ಕದಲ್ಲಿ, ಅಪ್ಪ ಸಾಯುವ ಮುನ್ನವೇ ಪಾಲಾಯಿತೆಂದು ಭಾವಿಸಿ ಅವನಿಗೆ 3, ಗಂಡುಮಕ್ಕಳಿಗೆ ತಲಾ 3 ಎಕರೆ ಇಡುತ್ತಿದ್ದರು. ಅಪ್ಪನ 3 ಎಕರೆಯನ್ನಷ್ಟೇ ಮೂವರಿಗೂ ಹಂಚುತ್ತಿದ್ದರು. ಗಂಡುಮಕ್ಕಳಿಗೆ ನಾಲ್ಕು ನಾಲ್ಕು, ಮಗಳಿಗೆ ಒಂದು. ಇವತ್ತು ಮೂವರಿಗೂ ಮೂರು ಮೂರು. ಈ ಬದಲಾವಣೆಗೆ ಆರು ದಶಕಕ್ಕೂ ಹೆಚ್ಚು ಕಾಲ ಹಿಡಿಯಿತು. ಅದನ್ನು ಸುಪ್ರೀಂ ಕೋರ್ಟಿನವರೆಗೆ ಎಳೆದ ಮುಖ್ಯ ದಾವೆಗಳಲ್ಲಿ ಎರಡು ನಮ್ಮ ರಾಜ್ಯದವು.

ಮೈಸೂರು ಸಂಸ್ಥಾನ 1933ರಲ್ಲೇ ಹಿಂದೂ ಹೆಣ್ಣುಮಕ್ಕಳ ಹಕ್ಕಿನ ಕಾಯ್ದೆ ತಂದಿತ್ತು. ಮನೆ ಪಾಲಾದಾಗ ತಾಯಿಗೂ ಮದುವೆಯಾಗದ ಮಗಳಿಗೂ, ಗಂಡಸರಿಗಿಂತ ಕಡಿಮೆಯೇ ಆದರೂ, ಭಾಗ ಸಿಗುತ್ತಿತ್ತು. ಮುಂದೆ ಕರ್ನಾಟಕದ ತಿದ್ದುಪಡಿ 1994ರ ಜುಲೈ 30ರಿಂದ ಮಗಳನ್ನು ಹುಟ್ಟಿನಿಂದಲೇ ಮಗನಿಗೆ ಸರಿಸಮ ಪಾಲುದಾರಳನ್ನಾಗಿ ಮಾಡಿತು. ಆದರೆ ಆ ದಿನಕ್ಕೆ ಮೊದಲು ಮದುವೆಯಾದವಳಿಗೆ ಈ ಹಕ್ಕಿಲ್ಲ ಎಂದಿತು. 1993ರಲ್ಲಿ ಧಾರೆಯಾದ ಅಕ್ಕ ಹೊರಗೆ, 1995ರಲ್ಲಿ ಧಾರೆಯಾದ ತಂಗಿ ಒಳಗೆ. ಒಂದೇ ಮನೆಯ ಹೆಣ್ಣುಮಕ್ಕಳನ್ನು ಲಗ್ನಪತ್ರಿಕೆ ನೋಡಿ ಬೇರೆ ಮಾಡಿದ್ದು ನನಗಂತೂ ಅನ್ಯಾಯವಾಗಿಯೇ ಕಾಣುತ್ತದೆ.

ಕೇಂದ್ರದ ತಿದ್ದುಪಡಿ 2005ರ ಸೆಪ್ಟೆಂಬರ್ 9ರಂದು ಜಾರಿಯಾಗಿ ಮದುವೆಯ ಗೆರೆಯನ್ನು ಅಳಿಸಿತು. ಮತ್ತೊಂದು ಪ್ರಶ್ನೆ ತಲೆ ಎತ್ತಿತು: ಆ ದಿನಕ್ಕೆ ಅಪ್ಪ ಬದುಕಿರಲೇಬೇಕೆ?

ಬೆಳಗಾವಿಯ ಸಿವಿಲ್ ಕೋರ್ಟಿನಲ್ಲಿ 1992ರಲ್ಲಿ ಒಬ್ಬ ಮಗಳು ಪಾಲಿನ ದಾವೆ ಹೂಡಿದ್ದರು. ಅವರ ತಂದೆ ತೀರಿದ್ದು 1988ರಲ್ಲಿ. ಕೆಳ ಕೋರ್ಟು ಕೆಲವು ಆಸ್ತಿಗಳಲ್ಲಿ ಅವರಿಗೆ 28ರಲ್ಲಿ ಒಂದು ಭಾಗ ಕೊಟ್ಟಿತು. ದಾವೆ ನಡೆಯುತ್ತಿರುವಾಗಲೇ ಹೊಸ ಕಾನೂನು ಬಂದದ್ದರಿಂದ ಹೈಕೋರ್ಟು ಅದನ್ನು 7ರಲ್ಲಿ ಒಂದು ಎಂದು ಹೆಚ್ಚಿಸಿತು. 2015ರಲ್ಲಿ ಸುಪ್ರೀಂ ಕೋರ್ಟು ಅದನ್ನು ಒಪ್ಪಲಿಲ್ಲ: 2005ರ ಆ ದಿನ ತಂದೆ, ಮಗಳು ಇಬ್ಬರೂ ಬದುಕಿರಬೇಕು ಎಂದಿತು.

ರಾಜ್ಯದ ಇನ್ನೊಂದು ಕುಟುಂಬದಲ್ಲಿ ತಂದೆ ತೀರಿದ್ದು 2001ರಲ್ಲಿ. ಮರುವರ್ಷ ಮೊಮ್ಮಗ ದಾವೆ ಹಾಕಿದ. 1956ಕ್ಕೂ ಮುಂಚೆ ಹುಟ್ಟಿದವರೆಂದು ಇಬ್ಬರು ಹೆಣ್ಣುಮಕ್ಕಳನ್ನು ಕೆಳ ಕೋರ್ಟು ಪಾಲಿನಿಂದ ಕೈಬಿಟ್ಟಿತ್ತು, ಹೈಕೋರ್ಟೂ ಅದನ್ನೇ ಎತ್ತಿಹಿಡಿದಿತ್ತು. 2018ರಲ್ಲಿ ಸುಪ್ರೀಂ ಕೋರ್ಟು ಇಬ್ಬರಿಗೂ ತಲಾ ಐದನೇ ಒಂದು ಭಾಗ ಕೊಟ್ಟಿತು. ಎರಡು ತೀರ್ಪು, ಎರಡು ದಾರಿ. ಕೆಳ ಕೋರ್ಟುಗಳು ಯಾವುದನ್ನು ಹಿಡಿಯಬೇಕು?

ಗೊಂದಲ ಬಗೆಹರಿದದ್ದು 2020ರ ಆಗಸ್ಟ್ 11ರಂದು. ನ್ಯಾಯಮೂರ್ತಿ ಅರುಣ್ ಮಿಶ್ರಾ ನೇತೃತ್ವದ ಮೂವರ ಪೀಠದಲ್ಲಿ ನಮ್ಮ ಮೂಡುಬಿದಿರೆ ಕಡೆಯ ಎಸ್. ಅಬ್ದುಲ್ ನಜೀರ್ ಇದ್ದರು. ಹಕ್ಕು ಹುಟ್ಟಿನಿಂದ ಬರುವುದು, ಅಪ್ಪ ಬದುಕಿದ್ದರೇ ಇಲ್ಲವೇ ಎಂಬುದು ಲೆಕ್ಕಕ್ಕಿಲ್ಲ ಎಂದಿತು ಪೀಠ. ‘ಬಾಯಿಮಾತಲ್ಲಿ ಎಂದೋ ಪಾಲಾಗಿಹೋಗಿದೆ’ ಎಂದು ಅಣ್ಣತಮ್ಮಂದಿರು ಒಕ್ಕೊರಲಿನಿಂದ ಹೇಳಿದರೆ ಸಾಲದು. ಗಟ್ಟಿ ಸರ್ಕಾರಿ ದಾಖಲೆಯ ಬಲ ಬೇಕು. 2004ರ ಡಿಸೆಂಬರ್ 20ಕ್ಕೆ ಮೊದಲೇ ನೋಂದಾಯಿತ ಪಾಲುಪಟ್ಟಿಯಾಗಿದ್ದರೆ, ಆಸ್ತಿ ಮಾರಾಟವಾಗಿದ್ದರೆ ಮಾತ್ರ ಅದನ್ನು ಕೆದಕುವಂತಿಲ್ಲ.

ಇಷ್ಟಾದರೂ ಗೆದ್ದ ಮಗಳ ಕೈಗೆ ಮಣ್ಣು ಬರುವುದಿಲ್ಲ. ಪ್ರಾಥಮಿಕ ಡಿಕ್ರಿ ಯಾರಿಗೆ ಎಷ್ಟು ಭಾಗವೆಂದು ಹೇಳುತ್ತದೆ, ಯಾವ ಮೂಲೆ ಯಾರದ್ದೆಂದು ಹೇಳುವುದಿಲ್ಲ. ಅದಕ್ಕೆ ಅಂತಿಮ ಡಿಕ್ರಿ ಆಗಬೇಕು. ವಕೀಲರು ಎಫ್‌ಡಿಪಿ ಎನ್ನುವುದು ಇದನ್ನೇ. ಕಂದಾಯದ ಜಮೀನಾದರೆ ಕಡತ ಜಿಲ್ಲಾಧಿಕಾರಿಗೆ ಹೋಗಿ ಸರ್ವೆ ಆಗಬೇಕು, ಮನೆಯಾದರೆ ಕೋರ್ಟ್ ಕಮಿಷನರ್ ಬಂದು ಅಳೆಯಬೇಕು. ಬಾವಿಯಿರುವ ತುಂಡು ಯಾರಿಗೆ, ರಸ್ತೆಗೆ ತಾಗಿದ್ದು ಯಾರಿಗೆ ಎಂಬ ನಿಜವಾದ ಜಗಳ ಹತ್ತುವುದೇ ಇಲ್ಲಿ. ಎಷ್ಟೋ ಅಕ್ಕತಂಗಿಯರು ಸೋತು ಕೈಚೆಲ್ಲುವುದೂ ಇಲ್ಲೇ. ಪ್ರಾಥಮಿಕ ಡಿಕ್ರಿಯಾದ ಮೇಲೆ ಮತ್ತೆ ಅರ್ಜಿಗೆ ಕಾಯದೆ ಕೋರ್ಟುಗಳೇ ಮುಂದಿನ ಕ್ರಮಕ್ಕೆ ತಾರೀಖು ಕೊಡಬೇಕೆಂದು 2022ರಲ್ಲಿ ಸುಪ್ರೀಂ ಕೋರ್ಟು ಹೇಳಿತು.

ಈ ತಡದಲ್ಲೇ ಒಂದು ಅವಕಾಶವೂ ಇದೆ. ಹಳೆಯ ಲೆಕ್ಕದಲ್ಲಿ ಕಡಿಮೆ ಭಾಗದ ಪ್ರಾಥಮಿಕ ಡಿಕ್ರಿಯಾಗಿ ಅಂತಿಮ ಡಿಕ್ರಿ ಇನ್ನೂ ಆಗಿರದಿದ್ದರೆ, 2020ರ ತೀರ್ಪಿನ ಪ್ರಕಾರ ಆ ಮಗಳು ತನ್ನ ಪಾಲನ್ನು ತಿದ್ದಿಕೊಡಿ ಎಂದು ಅದೇ ಕೋರ್ಟನ್ನು ಕೇಳಬಹುದು.