ಚಿಲಿಕಾದ ಬಾತುಗಳು

‘ಕಾಡುಬಾತು’ ಎಂಬ ಒಂದೇ ಮಾತಿನೊಳಗೆ ನಾವು ಎಷ್ಟು ಬಗೆಯ ಹಕ್ಕಿಗಳನ್ನು ಅಡಗಿಸಿಟ್ಟಿದ್ದೇವೆಂಬುದನ್ನು ಅರಿಯಬೇಕಾದರೆ ಚಳಿಗಾಲದಲ್ಲೊಮ್ಮೆ ಒಡಿಶಾದ ಚಿಲಿಕಾ ಸರೋವರಕ್ಕೆ ಹೋಗಬೇಕು. ಬಂಗಾಳ ಕೊಲ್ಲಿಯ ಅಂಚಿನ ಈ ಹಿನ್ನೀರಿನಲ್ಲಿ ಕಡಲಿನ ಉಪ್ಪುನೀರೂ ನದಿಗಳ ಸಿಹಿನೀರೂ ಬೆರೆಯುತ್ತವೆ. ಅಂತರರಾಷ್ಟ್ರೀಯ ಮಹತ್ವದ ಜೌಗುನೆಲಗಳ ರಾಮ್‌ಸಾರ್ ಪಟ್ಟಿಗೆ 1981ರಲ್ಲಿ ಭಾರತದಿಂದ ಮೊದಲು ಸೇರಿದ ಎರಡು ತಾಣಗಳಲ್ಲಿ ಇದೊಂದು. ಉತ್ತರದ ಶೀತಪ್ರದೇಶಗಳಿಂದ ಲಕ್ಷಗಟ್ಟಲೆ ಹಕ್ಕಿಗಳು ಇಲ್ಲಿಗೆ ವಲಸೆ ಬರುತ್ತವೆ.

ಹೊಸಬರು ಬಣ್ಣವನ್ನು ನಂಬುತ್ತಾರೆ. ಆದರೆ ಬಣ್ಣ ಗಂಡಿನ ಸೊತ್ತು. ಅದೂ ವರ್ಷವಿಡೀ ಉಳಿಯುವುದಲ್ಲ. ಸಂತಾನದ ಕಾಲ ಕಳೆಯುತ್ತಲೇ ಗಂಡು ತನ್ನ ಬೆಡಗಿನ ಗರಿಗಳನ್ನುದುರಿಸಿ ಹೆಣ್ಣಿನಂತೆ ಕಂದಾಗುತ್ತದೆ. ಅಕ್ಟೋಬರಿನಲ್ಲಿ ಬಂದಿಳಿಯುವಾಗ ಅನೇಕವು ಆ ಮಾಸಲು ಉಡುಪಿನಲ್ಲಿಯೇ ಇರುತ್ತವೆ. ಆದುದರಿಂದ ಆಕಾರವನ್ನೂ ನಡೆಯನ್ನೂ ನೋಡಬೇಕು. ನೀಳ ಕೊರಳು, ಚೂಪು ಬಾಲವಿದ್ದರೆ ಸೂಜಿಬಾಲದ ಬಾತು. ಸಟ್ಟುಗದಂಥ ಅಗಲ ಕೊಕ್ಕಿನಿಂದ ನೀರನ್ನು ಸೋಸುತ್ತ ಸಾಗುವುದು ಚಲುಕದ ಬಾತು. ಹಾರುವಾಗ ರೆಕ್ಕೆಯ ಹಿಂಬದಿಯಲ್ಲಿ, ಮೈಗೆ ಸಮೀಪ, ಬಿಳಿಯ ಚೌಕ ಹೊಳೆದರೆ ಬೂದು ಬಾತು. ತಲೆ ಮುಳುಗಿಸಿ ಬಾಲವೆತ್ತಿ ಮೇಯುವ ಜಾತಿಗಳು ಬೆದರಿದರೆ ನೆಟ್ಟಗೆ ಮೇಲಕ್ಕೆ ಚಿಮ್ಮುತ್ತವೆ. ಪೂರ್ತಿ ಮುಳುಗಿ ಮೇವು ಹುಡುಕುವ ಕೆಂಪುತಲೆಯ ಬಾತಾದರೋ ನೀರಿನ ಮೇಲೆ ಕೊಂಚ ದೂರ ಓಡಿಯೇ ಹಾರಬೇಕು. ಇವುಗಳ ನಡುವೆ ತೇಲುವ ಕಪ್ಪು ಮೈಯ, ಬಿಳಿಯ ನಾಮದ ಹಕ್ಕಿ ಬಾತೇ ಅಲ್ಲ, ಅದು ನಾಮದಕೋಳಿ.

ಹೆಸರಿಗಾಗಿ ಇಷ್ಟು ಶ್ರಮವೇಕೆ? ಹಿಂಡನ್ನೆಲ್ಲ ‘ಬಾತು’ ಎಂದೇ ಎಣಿಸಿದರೆ, ಒಂದು ಜಾತಿ ಕುಗ್ಗಿ ಇನ್ನೊಂದು ಹಿಗ್ಗಿದಾಗಲೂ ಮೊತ್ತ ಬದಲಾಗದು; ನಷ್ಟ ಕಣ್ಣಿಗೆ ಬೀಳದು. ಕೆಂಪುತಲೆಯ ಬಾತು ಇಳಿಮುಖವಾದುದು ತಿಳಿದು, 2015ರಲ್ಲಿ ಅದು ಜಗತ್ತಿನ ಅಪಾಯದಂಚಿನ ಜೀವಿಗಳ ಪಟ್ಟಿ ಸೇರಿದ್ದು ಜಾತಿಜಾತಿಯನ್ನು ಬಿಡಿಸಿ ಎಣಿಸಿದವರಿಂದ.

ಚಿಲಿಕಾದ ದಡದ ಮಂಗಳಾಜೋಡಿ ಗ್ರಾಮ ಒಂದು ಕಾಲಕ್ಕೆ ಹಕ್ಕಿಬೇಟೆಗೆ ಹೆಸರಾಗಿತ್ತು. ಆ ಬೇಟೆಗಾರರಲ್ಲಿ ಅನೇಕರು ಮುಂದೆ ಕಾವಲುಗಾರರಾದರು. ದೋಣಿಯಲ್ಲಿ ಬಂದವರಿಗೆ ಹಕ್ಕಿ ತೋರಿಸುವವರಾದರು. ನಮ್ಮ ದೋಣಿಯಾತ ದುರ್ಬೀನಿನ ನೆರವಿಲ್ಲದೆ, ಹಾರಾಟದ ಠೀವಿಯಿಂದಲೇ ಜಾತಿಯನ್ನು ಹೇಳಿದನು. ಹಿಂದೆ ಕೊಲ್ಲಲು ಪಳಗಿದ್ದ ನೋಟವೇ ಇಂದು ಕಾಯಲು ನೆರವಾಗುತ್ತಿರುವುದನ್ನು ಕಂಡು ನನ್ನ ಮನಸ್ಸು ತುಂಬಿತು.

ಸೂಜಿಬಾಲದ ಬಾತು, ಚಲುಕದ ಬಾತುಗಳು ನಮ್ಮ ನಾಡಿನ ಕೆರೆಗಳಿಗೂ ಚಳಿಗಾಲದ ಅತಿಥಿಗಳು. ಅವಕ್ಕೆ ಕನ್ನಡದಲ್ಲಿ ಹೆಸರುಗಳಿವೆ. ಆ ಹೆಸರುಗಳು ಪುಸ್ತಕದ ಪುಟಗಳಲ್ಲಿ ಉಳಿದರೆ ಸಾಲದು; ಕೆರೆಯ ಏರಿಯ ಮೇಲೆ ನಿಂತ ಮಕ್ಕಳ ನಾಲಗೆಯ ಮೇಲೂ ಆಡಬೇಕು.