ಎಪ್ಪತ್ತೆರಡು ಲಕ್ಷ ಅಡಿಯಲ್ಲಿ ಹದಿನೈದು ಅಡಿ

ತಾಳಗುಂದದ ಪ್ರಣವೇಶ್ವರ ದೇವಾಲಯದ ಮುಂದಿನ ಕಂಬದಲ್ಲಿ ಕವಿ ಕುಬ್ಜ ರಚಿಸಿದ ಕದಂಬರ ಚರಿತ್ರೆ ಸುಮಾರು 1,500 ವರ್ಷ ಕಳೆದರೂ ಓದಲು ಸಿಗುತ್ತದೆ. ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ ತೆರೆಕಂಡದ್ದು 1934ರ ಮಾರ್ಚ್ 3ರಂದು. ಅದರ ಒಂದು ಪ್ರಿಂಟೂ ಉಳಿದಿಲ್ಲ. ಶಿಕಾರಿಪುರ ತಾಲ್ಲೂಕಿನ ಈ ಕಲ್ಲಿಗೆ ಹದಿನೈದು ಶತಮಾನದ ಆಯಸ್ಸು, ನಮ್ಮ ಮೊದಲ ಮಾತಿನ ಸಿನಿಮಾಕ್ಕೆ ಒಂದು ಶತಮಾನವೂ ದಕ್ಕಲಿಲ್ಲ!

35 ಎಂಎಂ ಫಿಲ್ಮಿನ ಒಂದು ಅಡಿಯಲ್ಲಿ 16 ಫ್ರೇಮುಗಳಿರುತ್ತವೆ. ತೆರೆಯ ಮೇಲೆ ಸೆಕೆಂಡಿಗೆ 24 ಫ್ರೇಮು, ಅಂದರೆ ನಿಮಿಷಕ್ಕೆ 90 ಅಡಿ ಓಡುತ್ತದೆ. ಮೂರು ಗಂಟೆಯ ಸಿನಿಮಾಕ್ಕೆ 16,200 ಅಡಿ ಬೇಕು. ಹತ್ತಿರ ಹತ್ತಿರ 5 ಕಿ.ಮೀ. ಉದ್ದ, 2,59,200 ಬಿಡಿ ಚಿತ್ರ. ಶಿಕಾರಿಪುರದಿಂದ ಸೊರಬಕ್ಕೆ ನೇರ ಗೆರೆ ಎಳೆದರೆ 30 ಕಿ.ಮೀ. ಆಸುಪಾಸು, ಅಂಥ ಆರು ಸಿನಿಮಾ ಬಿಚ್ಚಿ ಹಾಸಿದರೆ ಊರು ಮುಟ್ಟುತ್ತದೆ.

ಇಷ್ಟುದ್ದದ ವಸ್ತು ಎಷ್ಟು ಸುಲಭವಾಗಿ ನಾಶವಾಗುತ್ತದೆ ನೋಡಿ. ಹಳೆಯ ನೈಟ್ರೇಟ್ ಫಿಲ್ಮು ಹೊತ್ತಿಕೊಂಡರೆ ನೀರಿನಲ್ಲಿ ಮುಳುಗಿಸಿದರೂ ಆರುವುದಿಲ್ಲ. ಆಮೇಲೆ ಬಂದ ಅಸಿಟೇಟ್ ಫಿಲ್ಮು ಸೆಕೆ, ತೇವ ತಾಗಿದರೆ ವಿನೆಗರ್ ವಾಸನೆ ಹೊಡೆದು ಮುದುಡುತ್ತದೆ. ಮಲೆನಾಡಿನ ಮಳೆಗಾಲ ಅದಕ್ಕೆ ಶತ್ರು. ಓಡಿಸಿ ಸವೆದ ಎಷ್ಟೋ ಕಪ್ಪು-ಬಿಳುಪು ಪ್ರಿಂಟುಗಳನ್ನು ಅವುಗಳೊಳಗಿನ ಬೆಳ್ಳಿಗಾಗಿಯೇ ಮಾರಿದರು. ಈ ಸಂಗತಿ ನೆನೆದಾಗಲೆಲ್ಲ ನನಗೆ ಸಂಕಟವಾಗುತ್ತದೆ.

ಉಳಿದದ್ದನ್ನು ಕಾಪಾಡಲು 1964ರಲ್ಲಿ ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಶುರುವಾಯಿತು. ಅದಕ್ಕಾಗಿ ಪಿ.ಕೆ. ನಾಯರ್ ಊರೂರು ಅಲೆದು ಫಿಲ್ಮಿನ ಡಬ್ಬಿಗಳನ್ನು ಕೂಡಿಸಿದರು. 2022ರಲ್ಲಿ 2,200 ಸಿನಿಮಾಗಳ ಪುನರುದ್ಧಾರಕ್ಕೆ ಕೇಂದ್ರ ಸರ್ಕಾರ 363 ಕೋಟಿ ರೂಪಾಯಿ ಘೋಷಿಸಿತು. ಸರಾಸರಿ ಹಂಚಿದರೆ ಚಿತ್ರಕ್ಕೆ 16.5 ಲಕ್ಷ. ದೊಡ್ಡ ಮೊತ್ತ ಅನ್ನಿಸಬಹುದು. ಆದರೆ 4ಕೆ ಸ್ಕ್ಯಾನ್‌ನಲ್ಲಿ ಒಂದೊಂದು ಫ್ರೇಮೂ ಸುಮಾರು 50 ಮೆಗಾಬೈಟ್ ನುಂಗುತ್ತದೆ. ಮೂರು ಗಂಟೆಯ ಒಂದೇ ಸಿನಿಮಾ ಸುಮಾರು 13 ಟೆರಾಬೈಟ್! ಗೀರು, ಕಲೆ ಅಳಿಸುವ ಕೆಲಸ ಅದರ ನಂತರದ್ದು.

ಕಾಪಾಡಿದ್ದನ್ನು ಕೇಳಿದವರಿಗೆ ಹುಡುಕಿಕೊಡುವುದು ಇನ್ನೊಂದು ಸಾಹಸ. ಸಾಕ್ಷ್ಯಚಿತ್ರ ಮಾಡುವವರೊಬ್ಬರಿಗೆ ಶಿಕಾರಿಪುರದ ಹುಚ್ಚರಾಯಸ್ವಾಮಿ ರಥೋತ್ಸವದ ಹಳೆಯ ದೃಶ್ಯ 10 ಸೆಕೆಂಡು ಬೇಕಾಯಿತು ಎಂದುಕೊಳ್ಳಿ. ಅದು 15 ಅಡಿ, 240 ಫ್ರೇಮು. ಉಗ್ರಾಣದಲ್ಲಿ ಹತ್ತು ಹತ್ತು ನಿಮಿಷದ 8,000 ರೀಲುಗಳಿದ್ದರೆ ಒಟ್ಟು 72 ಲಕ್ಷ ಅಡಿ, ಸುಮಾರು 2,195 ಕಿ.ಮೀ. ನೇರ ಎಳೆದರೆ ಶಿಕಾರಿಪುರದಿಂದ ದೆಹಲಿ ದಾಟಿ ಹೋಗುತ್ತದೆ. ಅಷ್ಟರಲ್ಲಿ ಬೇಕಾದ ಭಾಗ 4.8 ಲಕ್ಷದಲ್ಲಿ ಒಂದು. ಎಲ್ಲವನ್ನೂ ನೋಡುತ್ತ ಕೂತರೆ ಊಟ, ನಿದ್ದೆ ಬಿಟ್ಟರೂ 55 ದಿನಕ್ಕಿಂತ ಹೆಚ್ಚು ಬೇಕು. ಡಬ್ಬಿಯ ಮೇಲೆ ‘ಶಿಕಾರಿಪುರ, ತೇರು’ ಎಂದು ಯಾರೋ ಬರೆದಿಟ್ಟಿದ್ದರೆ ಅರ್ಧ ಗಂಟೆ ಸಾಕು.