ಫ್ರೆಂಚ್ ಮೋರಲಿಸ್ಟರು

ಫ್ರೆಂಚ್ ಮೋರಲಿಸ್ಟರು ಮನುಷ್ಯನ ನಡತೆಯನ್ನೂ ಅದರ ಹಿಂದಿನ ಪ್ರೇರಣೆಗಳನ್ನೂ ಸೂಕ್ತಿ, ಪ್ರಬಂಧ ಹಾಗೂ ವ್ಯಕ್ತಿಚಿತ್ರಗಳ ಮೂಲಕ ಪರಿಶೀಲಿಸಿದ ಫ್ರಾನ್ಸಿನ ಲೇಖಕರು. 17 ಮತ್ತು 18ನೇ ಶತಮಾನಗಳು ಈ ಪರಂಪರೆಯ ಮುಖ್ಯ ಕಾಲ. 1580ರಲ್ಲಿ ಮೊದಲು ಪ್ರಕಟವಾದ ಮಾಂಟೇನ್‌ನ ಪ್ರಬಂಧಗಳು ಇದಕ್ಕೆ ಹಿನ್ನೆಲೆಯಾಗಿವೆ. ಹೆಸರು ಸೂಚಿಸುವಂತೆ ಇವರು ನೀತಿಬೋಧಕರಲ್ಲ. ಮನುಷ್ಯ ಹೇಗಿರಬೇಕು ಎಂಬುದಕ್ಕಿಂತ ಹೇಗಿದ್ದಾನೆ ಎಂಬುದೇ ಇವರ ವಿಷಯ.

ಲಾ ರೋಶ್‌ಫುಕೋ ಮತ್ತು ಸ್ವಪ್ರೇಮ

ಡ್ಯೂಕ್ ಲಾ ರೋಶ್‌ಫುಕೋ (1613–1680) ರಾಜಸತ್ತೆಯ ವಿರುದ್ಧ ನಡೆದ ಫ್ರೋಂಡ್ ದಂಗೆಯಲ್ಲಿ ಪಾಲ್ಗೊಂಡು, 1652ರಲ್ಲಿ ಮುಖಕ್ಕೆ ತೀವ್ರ ಗಾಯ ಮಾಡಿಕೊಂಡನು. ಅನಂತರ ಪ್ಯಾರಿಸ್ಸಿನ ಮದಾಂ ದ ಸಾಬ್ಲೆಯ ಸಾಹಿತ್ಯಗೋಷ್ಠಿಯಲ್ಲಿ ಅವನ ಸೂಕ್ತಿಗಳು ರೂಪುಗೊಂಡವು. ಅವುಗಳ ಸಂಗ್ರಹವಾದ ‘ಮಾಕ್ಸೀಮ್’ 1665ರಲ್ಲಿ ಹೊರಬಂದಿತು. 1678ರ ಐದನೇ ಆವೃತ್ತಿಯಲ್ಲಿ 504 ಸೂಕ್ತಿಗಳಿವೆ.

ಸದ್ಗುಣವೆಂದು ತೋರುವುದರ ಹಿಂದೆ ಹಲವು ಬಾರಿ ಸ್ವಪ್ರೇಮ (ಆಮೂರ್-ಪ್ರೋಪ್ರ್) ಅಡಗಿರುತ್ತದೆ ಎಂಬುದು ಅವನ ಮುಖ್ಯ ವಾದ. ಉದಾರಿಯು ಕೀರ್ತಿಯನ್ನೂ ಕ್ಷಮಿಸುವವನು ನೆಮ್ಮದಿಯನ್ನೂ ಬಯಸಿರಬಹುದು. ಸ್ವಪ್ರೇಮವು ಇತರರನ್ನಷ್ಟೇ ಅಲ್ಲದೆ ಅದಕ್ಕೆ ಒಳಗಾದವನನ್ನೂ ವಂಚಿಸುವುದರಿಂದ, ತನ್ನ ಉದ್ದೇಶ ಶುದ್ಧವೆಂದು ಪ್ರಾಮಾಣಿಕವಾಗಿ ನಂಬಿದವನೂ ತಪ್ಪಿರಬಹುದು. ಮೊದಲ ಆವೃತ್ತಿಯಲ್ಲಿ ಸ್ವಪ್ರೇಮವನ್ನು ಕುರಿತಿದ್ದ ದೀರ್ಘ ಬರಹವನ್ನು ಎರಡನೆಯ ಆವೃತ್ತಿಯಲ್ಲಿ ಕೈಬಿಡಲಾಯಿತು.

ಇತರ ಚಿಂತಕರು

ಬ್ಲೇಸ್ ಪಾಸ್ಕಲ್‌ನ (1623–1662) ‘ಪಾಂಸೆ’ ಅವನ ಮರಣಾನಂತರ, 1670ರಲ್ಲಿ ಪ್ರಕಟವಾಯಿತು. ಮನುಷ್ಯ ತನ್ನ ದುಃಸ್ಥಿತಿಯ ಅರಿವನ್ನು ತಪ್ಪಿಸಿಕೊಳ್ಳಲು ಬೇಟೆ, ಜೂಜು, ಅಧಿಕಾರಗಳಲ್ಲಿ ಮುಳುಗುತ್ತಾನೆ ಎಂದು ಅವನು ವಿವರಿಸಿದನು. ಬೇಟೆಗಾರನಿಗೆ ಮುಖ್ಯವಾದುದು ಮೊಲವಲ್ಲ, ಬೆನ್ನಟ್ಟುವಿಕೆಯೇ ಎಂಬುದು ಇದರ ತಾತ್ಪರ್ಯ. ಲಾ ಬ್ರುಯೇರ್ (1645–1696) 1688ರ ‘ಲೆ ಕಾರಾಕ್ಟೇರ್’ ಕೃತಿಯಲ್ಲಿ ಆಸ್ಥಾನಿಕರ ಹಾಗೂ ಧನಿಕರ ಒಣಹೆಮ್ಮೆಯನ್ನು ಚಿತ್ರಿಸಿದನು.

ಆಕ್ಷೇಪಗಳು

ಎಲ್ಲ ಕಾರ್ಯಗಳೂ ಸ್ವಾರ್ಥದಿಂದಲೇ ಹುಟ್ಟುವುದಾದರೆ ಸದ್ಗುಣಕ್ಕೆ ಅರ್ಥವೇನು ಎಂಬ ಪ್ರಶ್ನೆ ಇಲ್ಲಿ ಏಳುತ್ತದೆ. ವೊವ್‌ನಾರ್ಗ್ (1715–1747) ಸಹಜವಾದ ಆತ್ಮಪ್ರೀತಿಯನ್ನು ಸ್ವಪ್ರೇಮದಿಂದ ಬೇರ್ಪಡಿಸಿದನು: ಮೊದಲನೆಯದು ತನ್ನ ಸುಖವನ್ನು ಇತರರಲ್ಲಿಯೂ ಕಾಣಬಲ್ಲದು, ಎರಡನೆಯದು ಎಲ್ಲವನ್ನೂ ತನಗಾಗಿಯೇ ಬಳಸುತ್ತದೆ. ಒಳಿತನ್ನು ಮಾಡುವುದರಲ್ಲಿ ಸಂತೋಷ ದೊರೆತ ಮಾತ್ರಕ್ಕೆ ಆ ಒಳಿತು ಸುಳ್ಳಾಗುವುದಿಲ್ಲ ಎಂಬುದು ಅವನ ನಿಲುವು. 1755ರಲ್ಲಿ ರೂಸೋ ಇಂತಹುದೇ ಭೇದವನ್ನು ಮುಂದಿಟ್ಟು, ಸ್ವಪ್ರೇಮವು ಸಮಾಜದಲ್ಲಿ ಪರಸ್ಪರ ಹೋಲಿಕೆಯಿಂದ ಹುಟ್ಟುತ್ತದೆ ಎಂದನು.

ಪ್ರಭಾವ

ಜರ್ಮನ್ ತತ್ತ್ವಜ್ಞಾನಿ ನೀಚೆಯು ಈ ಲೇಖಕರನ್ನು ಮೆಚ್ಚಿ ಓದಿದ್ದನು. 1878ರಲ್ಲಿ ಪ್ರಕಟವಾದ ಅವನ ‘ಹ್ಯೂಮನ್, ಆಲ್ ಟೂ ಹ್ಯೂಮನ್’ ಕೃತಿಯ ಸೂಕ್ತಿಶೈಲಿಯಲ್ಲಿ ಅವರ ಪ್ರಭಾವ ಸ್ಪಷ್ಟವಾಗಿದೆ.